ಮೂರು ಹಗಲಿನ ಬಸ್ಸು, ಒಂಬತ್ತು ಗಂಟೆಯ ಗೇಟು

ಪ್ರವಾಸ ಪ್ರಶ್ನೋತ್ತರ

ಮುಂಗಾರು ಹಿಡಿದು ಗುಂಡ್ಲುಪೇಟೆ ದಾರಿ ಹಸಿರಾಗುತ್ತಿದ್ದಂತೆ ಟೂರ್ ಬಸ್ಸುಗಳ ಸಾಲು ಶುರುವಾಗುತ್ತದೆ. ನಮಗೆ ಬರುವ ಕಾಗದಗಳ ಸಾಲೂ ಅದರ ಹಿಂದೆಯೇ. ಈ ಸಲದವುಗಳಲ್ಲಿ ಕೆಲವಕ್ಕೆ ಇಲ್ಲಿ ಉತ್ತರವಿದೆ.

ಪ್ರಶ್ನೆ: ನಾನೂ ನಮ್ಮ ಯಜಮಾನರೂ ನಿವೃತ್ತ ಶಿಕ್ಷಕರು. ಬೆಂಗಳೂರಿನಲ್ಲಿರುವ ಮಗಳು ನಮಗೆಂದು ಮೂರು ಹಗಲು, ಎರಡು ರಾತ್ರಿಯ ಬಸ್ ಟೂರ್ ನೋಡಿದ್ದಾಳೆ. ಶ್ರೀರಂಗಪಟ್ಟಣ, ಮೈಸೂರು ಅರಮನೆ, ಮೃಗಾಲಯ, ಚಾಮುಂಡಿ ಬೆಟ್ಟ, ಬೃಂದಾವನ, ಗೋಪಾಲಸ್ವಾಮಿ ಬೆಟ್ಟ, ಬಂಡೀಪುರ, ಊಟಿ, ದೊಡ್ಡಬೆಟ್ಟ, ಕೂನೂರು ಎಲ್ಲವೂ ಪಟ್ಟಿಯಲ್ಲಿವೆ. ಇಷ್ಟೆಲ್ಲ ಆಗುತ್ತದೆಯೇ? ನಮ್ಮ ವಯಸ್ಸಿಗೆ ಸರಿಹೋಗುತ್ತದೆಯೇ?
— ಓದುಗರೊಬ್ಬರು, ಚಾಮರಾಜನಗರ

ಉತ್ತರ: ಮೇಡಂ, ಪಟ್ಟಿಯಲ್ಲಿರುವ ಹೆಸರುಗಳನ್ನೆಲ್ಲ ಬಸ್ಸು ಮುಟ್ಟಬಹುದು. ನೀವು ಮುಟ್ಟುತ್ತೀರಾ ಅನ್ನುವುದು ಬೇರೆ ಲೆಕ್ಕ. ಟೂರಿನವರು ಕೊಡುವ ಚೀಟಿಯಲ್ಲಿ ಊರುಗಳಿರುತ್ತವೆ, ಗಂಟೆಗಳಿರುವುದಿಲ್ಲ. ಫೋನು ಮಾಡಿ ಗಂಟೆ ಕೇಳಿ: ಎಲ್ಲಿ ಎಷ್ಟೊತ್ತಿಗೆ ತಲುಪುತ್ತೀರಿ, ಎಷ್ಟು ಹೊತ್ತು ನಿಲ್ಲುತ್ತೀರಿ, ಎಲ್ಲಿಂದ ಎಷ್ಟೊತ್ತಿಗೆ ಹೊರಡುತ್ತೀರಿ. ತಡವರಿಸದೆ ಹೇಳಿದರೆ ನಂಬಬಹುದು. 'ಅದೆಲ್ಲ ಅಡ್ಜಸ್ಟ್ ಆಗುತ್ತೆ ಸಾರ್' ಅಂದರೆ ಅಡ್ಜಸ್ಟ್ ಮಾಡಿಕೊಳ್ಳುವವರು ನೀವೇ.

ಮೊದಲ ದಿನದ ಬಗ್ಗೆ ನನಗೆ ಹೆಚ್ಚು ಚಿಂತೆಯಿಲ್ಲ. ಬೆಂಗಳೂರಿನಿಂದ ಮೈಸೂರಿಗೆ 145 ಕಿಲೋಮೀಟರು, ದಾರಿ ಚೆನ್ನಾಗಿದೆ. ಸಂಜೆ ಕಾರಂಜಿ ಹೊತ್ತಿಗೆ ಬೃಂದಾವನಕ್ಕೆ ಹೋಗಬೇಕಾದ್ದರಿಂದ ಮಧ್ಯದ ಜಾಗಗಳಲ್ಲಿ ಓಡಿಸುತ್ತಾರೆ, ಅಷ್ಟೆ. ಮಂಗಳವಾರ ಮೃಗಾಲಯಕ್ಕೆ ರಜೆ. ಮಂಗಳವಾರ ಹೊರಡುವ ಬಸ್ಸಿನ ಚೀಟಿಯಲ್ಲೂ ಮೃಗಾಲಯದ ಹೆಸರಿದ್ದರೆ ಆ ಚೀಟಿ ಬರೆದವರು ಹೇಗೆ ಕೆಲಸ ಮಾಡುತ್ತಾರೆಂದು ಅಲ್ಲೇ ಗೊತ್ತಾಗುತ್ತದೆ.

ಗಟ್ಟಿ ಪ್ರಶ್ನೆ ಇರುವುದು ಎರಡನೇ ದಿನ, ನಿಮ್ಮ ಜಿಲ್ಲೆಯೊಳಗೇ. ಮೈಸೂರಿನಿಂದ ಗುಂಡ್ಲುಪೇಟೆ 60 ಕಿಲೋಮೀಟರು. ಅಲ್ಲಿಂದ ಹಂಗಳದ ಮೇಲೆ ಗೋಪಾಲಸ್ವಾಮಿ ಬೆಟ್ಟದ ಬುಡಕ್ಕೆ ಹೋಗುವುದು ಕಷ್ಟವಲ್ಲ. ಆದರೆ ನಿಮ್ಮ ದೊಡ್ಡ ಬಸ್ಸು ಬುಡದಲ್ಲೇ ನಿಲ್ಲಬೇಕು. ಬೆಟ್ಟ ಬಂಡೀಪುರ ಹುಲಿ ಸಂರಕ್ಷಿತ ಪ್ರದೇಶದೊಳಗಿದೆ. ಖಾಸಗಿ ಗಾಡಿ ಮೇಲೆ ಹೋಗುವಂತಿಲ್ಲ. ಕೆಎಸ್‌ಆರ್‌ಟಿಸಿ ಬಸ್ಸಿಗೆ ಸಾಲು ನಿಂತು ಹತ್ತಬೇಕು, ಇಳಿಯುವಾಗ ಮತ್ತೆ ಸಾಲು. ಶನಿವಾರ, ಭಾನುವಾರ, ಶ್ರಾವಣದ ದಿನಗಳಲ್ಲಿ ಆ ಸಾಲೇ ಒಂದು ಗಂಟೆ ತಿನ್ನುತ್ತದೆ. ಮೇಲೆ ಹೊಯ್ಸಳ ಬಲ್ಲಾಳರ ಕಾಲದ ವೇಣುಗೋಪಾಲ, 1454 ಮೀಟರ್ ಎತ್ತರದ ಗಾಳಿ, ಮಂಜು. ಎಲ್ಲ ಸೇರಿ ಎರಡೂವರೆ ಗಂಟೆ ಇಲ್ಲದೆ ಈ ಬೆಟ್ಟ ಆಗುವುದಿಲ್ಲ. ಚೀಟಿಯಲ್ಲಿ 'ಗೋಪಾಲಸ್ವಾಮಿ ಬೆಟ್ಟ, 45 ನಿಮಿಷ' ಅಂತಿದ್ದರೆ ಬುಡದಲ್ಲಿ ಕಾಫಿ ಕುಡಿಸಿ ಬೆಟ್ಟ ತೋರಿಸುತ್ತಾರೆ ಎಂದು ಅರ್ಥ.

ಮೂರನೇ ದಿನ ಊಟಿಯಿಂದ ವಾಪಸು. ಇಡೀ ಟೂರಿನ ಗಡಿಯಾರ ನಡೆಯುವುದು ಇಲ್ಲಿನ ಒಂದು ಗೇಟಿನ ಮೇಲೆ. ಬಂಡೀಪುರದ ರಸ್ತೆ ರಾತ್ರಿ 9ರಿಂದ ಬೆಳಿಗ್ಗೆ 6ರವರೆಗೆ ಮುಚ್ಚಿರುತ್ತದೆ, 2009ರಿಂದಲೂ. ಕಾರಣ ನಿಮಗೆ ಗೊತ್ತಿರುವುದೇ: ಕತ್ತಲೆಯಲ್ಲಿ ವೇಗವಾಗಿ ಬರುವ ಲಾರಿ, ಬಸ್ಸುಗಳಿಗೆ ಸಿಕ್ಕಿ ಪ್ರಾಣಿಗಳು ಸಾಯುತ್ತಿದ್ದವು. ಆಂಬುಲೆನ್ಸಿಗೂ ಬೆರಳೆಣಿಕೆಯ ಸರ್ಕಾರಿ ಬಸ್ಸುಗಳಿಗೂ ಬಿಟ್ಟರೆ ಯಾರಿಗೂ ದಾರಿಯಿಲ್ಲ. ಆ ಕಡೆಯ ಮುದುಮಲೈಗೂ ಇದೇ ನಿಯಮ. ಪ್ರವಾಸಿ ಬಸ್ಸುಗಳು ಮಸಿನಗುಡಿಯ ಕಲ್ಲಟ್ಟಿ ಘಟ್ಟ ಇಳಿಯುವುದಿಲ್ಲ, ಅಲ್ಲಿ 36 ಹೇರ್‌ಪಿನ್ ತಿರುವುಗಳಿವೆ. ಗೂಡಲೂರು ಸುತ್ತಿ ತೆಪ್ಪಕಾಡು ದಾಟಿ ಕೆಕ್ಕನಹಳ್ಳದ ಚೆಕ್‌ಪೋಸ್ಟಿಗೆ ಬರಬೇಕು. ಮೂರು ಗಂಟೆ ಇಟ್ಟುಕೊಳ್ಳಿ. ಮಂಜು ಕವಿದರೆ, ಮುಂದೊಂದು ಲಾರಿ ಕೆಟ್ಟು ನಿಂತರೆ ಇನ್ನೂ ಹೆಚ್ಚು. ಸಂಜೆ ನಾಲ್ಕಕ್ಕೆ ಊಟಿ ಬಿಟ್ಟ ಬಸ್ಸು ನಿಶ್ಚಿಂತೆಯಿಂದ ಬರುತ್ತದೆ. ಆರಕ್ಕೆ ಬಿಟ್ಟರೆ ಡ್ರೈವರು ಕಾಡಿನೊಳಗೆ ಕಾಲು ಒತ್ತುತ್ತಾನೆ. ಯಾವ ಪ್ರಾಣಿಯ ಸಲುವಾಗಿ ಗೇಟು ಹಾಕಿದ್ದಾರೋ ಅದರ ಜೀವಕ್ಕೇ ಆಗ ಕುತ್ತು, ನಿಮ್ಮ ಜೀವಕ್ಕೂ.

ಹಾಗಾಗಿ ಮಗಳಿಗೆ ಹೇಳಿ: ಕೂನೂರು ಬಿಡಿಸಿದರೆ ಈ ಟೂರು ಚೆನ್ನಾಗಿದೆ. ಕೂನೂರಿಗೆ ಬಸ್ಸಿನಲ್ಲಿ ಇಳಿದು ಹತ್ತುವ ಹೊತ್ತಿಗೆ ಮೂರನೇ ದಿನ ಅರ್ಧ ಮುಗಿದಿರುತ್ತದೆ. ಕೂನೂರನ್ನು ನೋಡಬೇಕಾದ್ದು 1908ರಲ್ಲಿ ಊಟಿ ಮುಟ್ಟಿದ ಪುಟ್ಟ ರೈಲಿನ ಕಿಟಕಿಯಿಂದ. ಅದಕ್ಕೆ ಇನ್ನೊಂದು ಸಲ ಹೋಗಿ.

ವಯಸ್ಸಿನ ಮಾತು. ಇಂಥ ಟೂರನ್ನು ಹೀಗಳೆಯುವವರು ಬಹಳ ಜನ. ನಾನು ಹೀಗಳೆಯುವುದಿಲ್ಲ. ಲಾಡ್ಜ್ ಹುಡುಕುವುದು, ಟಿಕೆಟ್ ಸಾಲು, ಆಟೋದವರ ಜೊತೆ ಚೌಕಾಸಿ ಇದ್ಯಾವುದೂ ತಲೆಗೆ ಹಚ್ಚಿಕೊಳ್ಳದೆ, ಪಕ್ಕದ ಸೀಟಿನವರೊಡನೆ ಮಾತಾಡುತ್ತ ಊರು ನೋಡಿ ಬರುವುದು ಅರವತ್ತು ದಾಟಿದವರಿಗೆ ದೊಡ್ಡ ನೆಮ್ಮದಿ. ಮೊದಲ ಸಲ ಹೋಗುವವರಿಗೆ ಬಸ್ ಟೂರು ಒಂದು ನೆಂಟರ ಮನೆ ಸುತ್ತು. ಎಲ್ಲರ ಮುಖ ನೋಡಿ ಬನ್ನಿ, ಯಾರ ಮನೆಯಲ್ಲಿ ಉಳಿಯಬೇಕೆಂದು ಆಮೇಲೆ ನಿರ್ಧರಿಸಿ.

ಇನ್ನೊಂದು ವಿಷಯ: ನೀವಿರುವುದು ಚಾಮರಾಜನಗರ. ಬಸ್ಸು ಹತ್ತಲು ಬೆಂಗಳೂರಿಗೆ ಹೋಗಿ ಮತ್ತೆ ನಿಮ್ಮ ಜಿಲ್ಲೆಯ ಮೇಲೇ ಬರುವುದೇಕೆ? ಮೈಸೂರಿನಲ್ಲೇ ಹತ್ತಿ, ಹಿಂದಿರುಗುವಾಗ ಗುಂಡ್ಲುಪೇಟೆಯಲ್ಲೇ ಇಳಿಯುತ್ತೇವೆ ಎಂದು ಮುಂಚೆಯೇ ಬರೆಸಿಕೊಳ್ಳಿ. ಗುಂಡ್ಲುಪೇಟೆಯಿಂದ ನಿಮ್ಮ ಮನೆಗೆ 35 ಕಿಲೋಮೀಟರು.

ಪ್ರಶ್ನೆ: ನಮ್ಮ ಆಫೀಸಿನವರು ಹೋಗುತ್ತಿರುವ ಪ್ಯಾಕೇಜಿನಲ್ಲಿ 'ಬಂಡೀಪುರ ದರ್ಶನ' ಎಂದಿದೆ. ಹುಲಿ ಕಾಣುತ್ತದೆಯೇ?
— ಯುವಕರೊಬ್ಬರು, ಬೆಂಗಳೂರು

ಉತ್ತರ: 'ದರ್ಶನ' ಅಂದರೆ ಸಾಮಾನ್ಯವಾಗಿ ಹೆದ್ದಾರಿಯಲ್ಲಿ ಹಾದು ಹೋಗುವುದು. ಜಿಂಕೆ, ಲಂಗೂರ, ನವಿಲು ಕಿಟಕಿಯಿಂದಲೇ ಕಾಣುತ್ತವೆ, ಅದೃಷ್ಟವಿದ್ದರೆ ಆನೆ. ಸಫಾರಿ ಬೇರೆ. ಅದು ಅರಣ್ಯ ಇಲಾಖೆಯ ಗಾಡಿಯಲ್ಲಿ, ಅವರ ಹೊತ್ತಿಗೆ, ಅವರ ಟಿಕೆಟ್ಟಿನಲ್ಲಿ. ಟೂರಿನ ದರದಲ್ಲಿ ಅದು ಸೇರಿದೆಯೋ ಇಲ್ಲವೋ ಬರವಣಿಗೆಯಲ್ಲಿ ಕೇಳಿ. ಹೊರಡುವ ವಾರ ಸಫಾರಿ ನಡೆಯುತ್ತಿದೆಯೇ ಎಂದೂ ವಿಚಾರಿಸಿ. ಕಾಡಂಚಿನ ಊರುಗಳಲ್ಲಿ ಹುಲಿ ದಾಳಿಯಾದಾಗ ನಿಲ್ಲಿಸಿದ್ದುಂಟು. ಹುಲಿಯ ಬಗ್ಗೆ ಯಾರಾದರೂ ಗ್ಯಾರಂಟಿ ಕೊಟ್ಟರೆ ಆ ಏಜೆಂಟನ್ನೇ ಬದಲಿಸಿ. ರಸ್ತೆಯಲ್ಲಿ ಆನೆ ಕಂಡಾಗ ಡ್ರೈವರಿಗೆ 'ನಿಲ್ಲಿಸಿ, ಫೋಟೋ' ಎಂದು ಕೂಗಬೇಡಿ. ಕಾಡಿನ ರಸ್ತೆಯಲ್ಲಿ ಗಾಡಿ ನಿಲ್ಲಿಸುವುದೂ ಇಳಿಯುವುದೂ ನಿಷಿದ್ಧ, ದಂಡ ಬೀಳುತ್ತದೆ.

ಪ್ರಶ್ನೆ: ನಮ್ದು ಬೇಗೂರು ಕಡೆ, ರೋಡ್ ಪಕ್ಕದಲ್ಲೇ ಹೊಲ. ಸೂರ್ಯಕಾಂತಿ ಹಾಕಿದ್ದೀವಿ. ಹೂ ಬಿಟ್ಟಾಗಿಂದ ದಿನಾ ಟೂರ್ ಬಸ್ ನಿಲ್ಲಿಸ್ಕಂಡು ಜನ ಹೊಲದೊಳಕ್ಕೇ ನುಗ್ತಾರೆ. ಗಿಡ ತುಳೀತಾರೆ, ಹೂ ಮುರ್ಕಂಡು ಹೋಯ್ತಾರೆ. ಕೇಳಿದ್ರೆ ಬಸ್ಸಿನ ಗೈಡು ನಮ್ಮ ಮೇಲೇ ಜೋರು ಮಾಡ್ತಾನೆ. ಅಕ್ಕಪಕ್ಕದೋರು ತಲೆಗಿಷ್ಟು ಅಂತ ದುಡ್ಡು ಈಸ್ಕತಾವ್ರೆ. ಅದು ಸರಿಯಾ ತಪ್ಪಾ?
— ರೈತರೊಬ್ಬರು, ಗುಂಡ್ಲುಪೇಟೆ ತಾಲ್ಲೂಕು

ಉತ್ತರ: ಸರಿ ಅಣ್ಣ, ನೂರಕ್ಕೆ ನೂರು ಸರಿ. ಬಸ್ಸಿನವರ ಚೀಟಿಯಲ್ಲಿ ನಿಮ್ಮ ಹೊಲದ ಹೆಸರಿಲ್ಲ, ಆದರೆ ಮನೆಗೆ ಹೋದವರ ಫೋನಿನಲ್ಲಿ ಅರಮನೆಗಿಂತ ನಿಮ್ಮ ಹೂವಿನ ಫೋಟೋನೇ ಹೆಚ್ಚಿರುತ್ತದೆ. ಆ ನಿಲುಗಡೆಗೆ ಟೂರಿನವರು ಖರ್ಚು ಮಾಡಿದ್ದು ಸೊನ್ನೆ. ತುಳಿದ ಗಿಡದ ನಷ್ಟ, ಕಾಳು ಕಟ್ಟುವ ಮೊದಲೇ ಕಿತ್ತ ಹೂವಿನ ನಷ್ಟ ಎರಡೂ ನಿಮ್ಮದು.

ಬೈಯುವುದಕ್ಕಿಂತ ಹೊಲದ ಅಂಚಿನಲ್ಲಿ ಒಂದು ಕಾಲುದಾರಿ ಬಿಟ್ಟು, ಅದರ ಎರಡೂ ಕಡೆ ಹಗ್ಗ ಕಟ್ಟಿ. 'ಹೂ ಮುಟ್ಟಬಾರದು' ಎಂದೂ, ತಲೆಗೆ ಎಷ್ಟು ಎಂದೂ ಕನ್ನಡದಲ್ಲಿ, ಸಾಧ್ಯವಾದರೆ ಮಲಯಾಳದಲ್ಲೂ ಬರೆದು ನಿಲ್ಲಿಸಿ. ನಿಮ್ಮ ಸಾಲಿನ ಹೊಲದವರೆಲ್ಲ ಒಂದೇ ದರ ಇಟ್ಟರೆ ಗೈಡಿನ ಜೋರು ತಾನಾಗಿಯೇ ಇಳಿಯುತ್ತದೆ. ದಾರಿಯನ್ನು ರಸ್ತೆಯ ತಿರುವಿನಲ್ಲಿ ಮಾತ್ರ ಬಿಡಬೇಡಿ. ಕೇರಳದ ಲಾರಿಗಳು ಓಡಾಡುವ ಹೆದ್ದಾರಿ ಅದು. ಮಕ್ಕಳು ಹೂವು ನೋಡುತ್ತ ರಸ್ತೆ ದಾಟುತ್ತಾರೆ, ಗಾಡಿ ನೋಡುವುದಿಲ್ಲ.

ಟೂರಿಗೆ ಹೋಗುವ ಓದುಗರಿಗೂ ಇಲ್ಲೇ ಒಂದು ಮಾತು. ಪೂರ್ತಿ ಅರಳಿದ ಸೂರ್ಯಕಾಂತಿ ದಿನವಿಡೀ ಸೂರ್ಯನ ಹಿಂದೆ ತಿರುಗುವುದಿಲ್ಲ. ತಿರುಗುವುದು ಎಳೆಯ ಗಿಡ. ಬಲಿತ ಹೂವು ಪೂರ್ವಕ್ಕೆ ಮುಖ ಮಾಡಿ ನಿಂತುಬಿಡುತ್ತದೆ. ಮೈಸೂರಿನಿಂದ ಗುಂಡ್ಲುಪೇಟೆಗೆ ಬಸ್ಸು ಹೋಗುವುದು ದಕ್ಷಿಣದ ಕಡೆಗೆ. ಬಲಗಡೆ ಕಿಟಕಿಯವರಿಗೆ ಹೂವಿನ ಮುಖ, ಎಡಗಡೆಯವರಿಗೆ ಬೆನ್ನು. ಇನ್ನು ಕಿತ್ತಳೆ ಬಣ್ಣದ ಹೊಲ ಕಂಡು 'ಗಾರ್ಡನ್' ಎನ್ನಬೇಡಿ. ಅದು ಚೆಂಡು ಹೂವು, ಬಣ್ಣ ತೆಗೆಯುವ ಕಾರ್ಖಾನೆಗೋ ಓಣಂ ಸಂತೆಗೋ ಹೋಗುವ ಬೆಳೆ.

ಪ್ರಶ್ನೆ: ಊಟಿಗೆ ಹೋಗುವ ಅಷ್ಟೊಂದು ಬಸ್ಸು ಗುಂಡ್ಲುಪೇಟೆ ಮೇಲೆ ಹೋಗುತ್ತವೆ. ಜಿಲ್ಲಾ ಕೇಂದ್ರವಾದ ನಮ್ಮ ಊರಿಗೆ ಒಂದೂ ತಿರುಗುವುದಿಲ್ಲ. ನಮ್ಮಲ್ಲಿ ನೋಡುವಂಥದ್ದು ಏನೂ ಇಲ್ಲವೇ?
— ಕಾಲೇಜು ವಿದ್ಯಾರ್ಥಿನಿ, ಚಾಮರಾಜನಗರ

ಉತ್ತರ: ಇದೆಯಮ್ಮ. ದಾರಿಯಲ್ಲಿ ಇಲ್ಲ, ಅಷ್ಟೇ. ಊಟಿ ಬಸ್ಸಿಗೆ ನಂಜನಗೂಡಿನಿಂದ ನೇರ ಗುಂಡ್ಲುಪೇಟೆ. ನಿಮ್ಮೂರಿಗೆ ಬಂದು ಹೋಗುವುದೆಂದರೆ ಸುತ್ತು, ವೇಗದ ಟೂರಿನವರಿಗೆ ಸುತ್ತು ಎಂದರೆ ಆಗದು. ಹಿಂದೆ ಅರಿಕುಠಾರ ಎಂದಿದ್ದ ನಿಮ್ಮೂರಿಗೆ ಮುಮ್ಮಡಿ ಕೃಷ್ಣರಾಜ ಒಡೆಯರು ಇಲ್ಲಿ ಹುಟ್ಟಿದ ತಂದೆಯ ಹೆಸರಿಟ್ಟರು, ಅವರ ನೆನಪಿಗೆ ಚಾಮರಾಜೇಶ್ವರನ ದೇವಸ್ಥಾನ ಕಟ್ಟಿಸಿದರು. ಬೇರೆ ಊರುಗಳಲ್ಲಿ ಹೊಸ ಜೋಡಿಯನ್ನು ಆಷಾಢದಲ್ಲಿ ಬೇರೆ ಇಡುತ್ತಾರೆ. ನಿಮ್ಮೂರಿನ ಆಷಾಢದ ತೇರಿಗೆ ಹೊಸ ಜೋಡಿಗಳೇ ಬಂದು ಹಣ್ಣು-ಜವನ ಎಸೆಯುತ್ತವೆ. ಇದನ್ನು ಹೇಳಬಲ್ಲ ಗೈಡು ಬಸ್ಸಿನಲ್ಲಿ ಇಲ್ಲದಿದ್ದರೆ ಊರೇನು ಮಾಡೀತು? ಕಾಲಿಟ್ಟರೆ ಕುರ್ಚಿ ಹೋಗುತ್ತದೆ ಎಂದು ಮುಖ್ಯಮಂತ್ರಿಗಳೇ ವರ್ಷಗಟ್ಟಲೆ ದೂರವಿದ್ದ ಊರು ನಿಮ್ಮದು. ಸಿದ್ದರಾಮಯ್ಯನವರು ಮತ್ತೆ ಮತ್ತೆ ಬಂದು ಆ ಭಯವನ್ನು ಹಳೆಯದು ಮಾಡಿದರು. ಟೂರ್ ಕಂಪನಿಗಳು ಇನ್ನೂ ಬಂದಿಲ್ಲ.

ನಿಮ್ಮ ಜಿಲ್ಲೆಗೆ ಬೇಕಾದ್ದು ಬೇರೆ ಥರದ ಸುತ್ತು. ಬೆಳಿಗ್ಗೆ ಚಾಮರಾಜೇಶ್ವರ, ಅಲ್ಲಿಂದ ಬಿಳಿಗಿರಿರಂಗನ ಬೆಟ್ಟ, ಮಧ್ಯಾಹ್ನ ಯಳಂದೂರಿಗೆ ಇಳಿದು ಕೊಳ್ಳೇಗಾಲದ ಮೇಲೆ ಭರಚುಕ್ಕಿ. ಜುಲೈಯಿಂದ ಅಕ್ಟೋಬರ್‌ವರೆಗೆ ಕಾವೇರಿ ತುಂಬಿರುವಾಗ ಇದಕ್ಕಿಂತ ಒಳ್ಳೆಯ ಒಂದು ದಿನ ಹಳೆ ಮೈಸೂರಿನಲ್ಲಿ ಸಿಗಲಾರದು. ಬೇಸಿಗೆಯಲ್ಲಿ ಹೋದರೆ ಬರಿ ಬಂಡೆ. ಬೆಟ್ಟದ ಮೇಲೆ ರಂಗನಾಥನ ದೊಡ್ಡ ಚರ್ಮದ ಚಪ್ಪಲಿಯನ್ನು ಭಕ್ತರ ತಲೆಗೆ ಮುಟ್ಟಿಸುತ್ತಾರೆ, ಸುತ್ತಲಿನ ಕಾಡಿನಲ್ಲಿ ಸೋಲಿಗರ ಪೋಡುಗಳಿವೆ. ಭರಚುಕ್ಕಿಯ ಆಚೆ ದಡದ ಗಗನಚುಕ್ಕಿ ಮಂಡ್ಯ ಜಿಲ್ಲೆಗೆ ಸೇರಿದ್ದು. ಅಲ್ಲಿನ ಶಿವನಸಮುದ್ರ ವಿದ್ಯುದಾಗಾರದಿಂದ 1902ರಲ್ಲಿ ಕೋಲಾರದ ಚಿನ್ನದ ಗಣಿಗೆ ಕರೆಂಟು ಹೋಯಿತು. ಬೆಂಗಳೂರಿನಿಂದ ಸೋಮನಾಥಪುರ, ತಲಕಾಡು, ಭರಚುಕ್ಕಿ, ಗಗನಚುಕ್ಕಿ ತೋರಿಸುವ ಒಂದು ದಿನದ ಪ್ಯಾಕೇಜನ್ನು ಕೆಎಸ್‌ಆರ್‌ಟಿಸಿ ವಾರಾಂತ್ಯದಲ್ಲಿ ಓಡಿಸುತ್ತ ಬಂದಿದೆ. ನಿಮ್ಮ ಊರಿನಿಂದಲೂ ಅಂಥದೊಂದು ಹೊರಡಲಿ ಎಂದು ಕಾಲೇಜಿನವರೆಲ್ಲ ಸೇರಿ ಡಿಪೋಗೆ ಅರ್ಜಿ ಕೊಡಿ. ಬಸ್ಸು ತುಂಬುತ್ತದೆ ಎಂದು ಗೊತ್ತಾದರೆ ಕೇಳಿಯಾರು.

ಪ್ರಶ್ನೆ: ಟೂರಿನಲ್ಲಿ ನೋಡುವ ಜಾಗಕ್ಕೆ ಇಪ್ಪತ್ತು ನಿಮಿಷ, ಸೀರೆ ಅಂಗಡಿಗೆ, ನೀಲಗಿರಿ ಎಣ್ಣೆ ಅಂಗಡಿಗೆ ಒಂದೊಂದು ಗಂಟೆ ಕೊಡುತ್ತಾರೆ. ಏನು ಮಾಡುವುದು?
— ಗೃಹಿಣಿ, ಕೊಳ್ಳೇಗಾಲ

ಉತ್ತರ: ಅಂಗಡಿಯವರು ಗೈಡಿಗೂ ಡ್ರೈವರಿಗೂ ಕಮಿಷನ್ ಕೊಡುತ್ತಾರೆ, ಅದಕ್ಕೆ. ಟೂರಿನ ದರ ತೀರಾ ಕಡಿಮೆಯಿದ್ದಷ್ಟೂ ಅಂಗಡಿಯ ಗಂಟೆ ಹೆಚ್ಚು. ಜಗಳ ಆಡಬೇಡಿ. ಅಂಗಡಿ ಮುಂದೆ ಬಸ್ಸು ನಿಂತಾಗ ಅಕ್ಕಪಕ್ಕದ ನಾಲ್ಕು ಜನರನ್ನು ಕಟ್ಟಿಕೊಂಡು, 'ನಾವು ಇಳಿಯೋದಿಲ್ಲಪ್ಪ, ಬೇಗ ಹೊರಡೋಣ, ದೊಡ್ಡಬೆಟ್ಟ ನೋಡಬೇಕು' ಅನ್ನಿ. ಬಸ್ಸಿನ ಮುಕ್ಕಾಲು ಜನ ಕುಳಿತೇ ಇದ್ದರೆ ಗೈಡು ಹದಿನೈದು ನಿಮಿಷದಲ್ಲಿ ಸೀಟಿ ಊದುತ್ತಾನೆ.

ಪ್ರಶ್ನೆ: ಅಮ್ಮನಿಗೆ ಘಟ್ಟದಲ್ಲಿ ವಾಂತಿ, ಮಂಡಿನೋವು, ಸಕ್ಕರೆ ಕಾಯಿಲೆ ಬೇರೆ. ಕರೆದೊಯ್ಯಬಹುದೇ?
— ಬ್ಯಾಂಕ್ ನೌಕರರು, ಗುಂಡ್ಲುಪೇಟೆ

ಉತ್ತರ: ಕರೆದೊಯ್ಯಿರಿ. ಡ್ರೈವರಿನ ಹಿಂದಿನ ಎರಡು ಸಾಲಿನಲ್ಲಿ ಸೀಟು ಹಿಡಿಯಿರಿ. ಹಿಂದಿನ ಚಕ್ರದ ಮೇಲಿನ ಸೀಟು ಬೇಡವೇ ಬೇಡ. ಮುಂದಿನ ಗಾಜಿನಲ್ಲಿ ರಸ್ತೆ ಕಾಣುತ್ತಿದ್ದರೆ ತಲೆ ಸುತ್ತುವುದು ಕಡಿಮೆ. ವಾಂತಿ ಮಾತ್ರೆಯ ಬಗ್ಗೆ ವೈದ್ಯರನ್ನೇ ಕೇಳಿ. ಕೊಟ್ಟರೆ ಘಟ್ಟ ಹತ್ತುವ ಮುಂಚೆ ನುಂಗಿಸಬೇಕು, ಶುರುವಾದ ಮೇಲೆ ಕೊಟ್ಟು ಫಲವಿಲ್ಲ. ಸಕ್ಕರೆಯವರು ಟೂರಿನ ಊಟದ ಹೊತ್ತನ್ನು ನಂಬಬಾರದು. 'ಒಂದು ಗಂಟೆಗೆ ಊಟ' ಅಂದದ್ದು ಮೂರಾಗುತ್ತದೆ. ಚಪಾತಿ, ಕಡಲೆಬೀಜ, ಬಾಳೆಹಣ್ಣು ಕೈಚೀಲದಲ್ಲಿರಲಿ, ಮೇಲಿನ ಕ್ಯಾರಿಯರಿನಲ್ಲಿಟ್ಟ ಸೂಟ್‌ಕೇಸಿನಲ್ಲಿ ಅಲ್ಲ.

ನೀರನ್ನು ಸ್ಟೀಲ್ ಬಾಟಲಿಯಲ್ಲಿ ತುಂಬಿಕೊಳ್ಳಿ. ನೀಲಗಿರಿ ಜಿಲ್ಲೆಯಲ್ಲಿ ಪ್ಲಾಸ್ಟಿಕ್ ನೀರಿನ ಬಾಟಲಿಗೆ ನಿಷೇಧವಿದೆ. ಗಡಿಯ ಚೆಕ್‌ಪೋಸ್ಟಿನಲ್ಲಿ ಬಸ್ಸು ಹತ್ತಿ ಒಂದೊಂದೇ ತೆಗೆಸುತ್ತಾರೆ, ಮಾತ್ರೆ ನುಂಗಲು ನೀರಿಲ್ಲದ ಹಾಗಾಗುತ್ತದೆ. 2024ರ ಮೇ ತಿಂಗಳಿಂದ ಹೊರಗಿನ ಗಾಡಿಗಳಿಗೆ ಅಲ್ಲಿ ಇ-ಪಾಸ್ ಕೂಡ ಬಂದಿದೆ. ನಿಮ್ಮ ಬಸ್ಸಿಗೆ ಪಾಸ್ ಆಗಿದೆಯೇ ಎಂದು ಹಿಂದಿನ ದಿನವೇ ಕೇಳಿ. ಶೌಚಾಲಯದ ವಿಚಾರದಲ್ಲಿ ನಾಚಿಕೆ ಬೇಡ. ಗುಂಡ್ಲುಪೇಟೆ ಬಿಟ್ಟರೆ ಕಾಡು ದಾಟುವವರೆಗೆ ಬಸ್ಸು ನಿಲ್ಲಿಸುವಂತಿಲ್ಲ. ಹತ್ತುವ ಮೊದಲೇ ಗೈಡಿಗೆ 'ಅಮ್ಮನಿಗೆ ಗುಂಡ್ಲುಪೇಟೆಯಲ್ಲಿ ಹತ್ತು ನಿಮಿಷ ಬೇಕು' ಎಂದು ಹೇಳಿಟ್ಟಿರಿ. ನೀವು ಆ ಊರಿನವರೇ ಆದ್ದರಿಂದ ಯಾವ ಹೋಟೆಲಿನ ಶೌಚಾಲಯ ಚೊಕ್ಕಟವಾಗಿದೆ ಎಂಬುದು ಗೈಡಿಗಿಂತ ನಿಮಗೇ ಚೆನ್ನಾಗಿ ಗೊತ್ತಿರುತ್ತದೆ. ಬಸ್ಸನ್ನು ಅಲ್ಲಿಗೇ ಬಿಡಿಸಿ.