ಹೆಸರು ಬರೆದಿಟ್ಟುಕೊ, ಮಗಳೇ

1989ರಲ್ಲಿ ಬೀಜಿಂಗ್‌ನ ತಿಯಾನನ್‌ಮೆನ್ ಚೌಕಕ್ಕೆ ಬಂದ ಆ ಹುಡುಗರು ಕೊನೆಗೆ ಸಾಧಿಸಿದ್ದಾದರೂ ಏನು ಎಂದು ಮೊನ್ನೆ ಕೇಳಿದೆಯಲ್ಲ. ಸರ್ಕಾರವೇ ಗೆದ್ದಿತು, ದೇಶ ಶ್ರೀಮಂತವಾಯಿತು, ಸತ್ತವರು ಸತ್ತರು ಎಂದೂ ನೀನೇ ಹೇಳಿದೆ. ಪತ್ರಿಕೋದ್ಯಮ ಓದುತ್ತಿರುವ ನಿನಗೆ ಎರಡು ಮಾತಿನ ಉತ್ತರ ಕೊಟ್ಟು ಸುಮ್ಮನಾಗಲು ಮನಸ್ಸು ಒಪ್ಪಲಿಲ್ಲ.

ನಡೆದದ್ದು ನಿನಗೆ ತಿಳಿದೇ ಇದೆ. ಕಮ್ಯುನಿಸ್ಟ್ ಪಕ್ಷದಲ್ಲಿ ಸುಧಾರಣೆಯ ಪರವಾಗಿದ್ದ ನಾಯಕ ಹು ಯಾವೊಬಾಂಗ್ ಏಪ್ರಿಲ್ 15ರಂದು ತೀರಿಕೊಂಡರು. ಶ್ರದ್ಧಾಂಜಲಿಗೆಂದು ಸೇರಿದ ವಿದ್ಯಾರ್ಥಿಗಳು ಪತ್ರಿಕೆಗಳಿಗೆ ಸ್ವಾತಂತ್ರ್ಯ ಬೇಕು, ಅಧಿಕಾರದಲ್ಲಿರುವವರ ಭ್ರಷ್ಟಾಚಾರ ನಿಲ್ಲಬೇಕು, ನಮ್ಮ ಜೊತೆ ಕೂತು ಮಾತಾಡಿ ಎಂದು ಕೇಳಿದರು. ಮೇ 13ಕ್ಕೆ ಉಪವಾಸ, 20ಕ್ಕೆ ಸೇನಾಡಳಿತ. ಪಕ್ಷದ ಪ್ರಧಾನ ಕಾರ್ಯದರ್ಶಿ ಝಾವೊ ಝಿಯಾಂಗ್ ಅದಕ್ಕೆ ಒಪ್ಪದೆ ಸ್ಥಾನ ಕಳೆದುಕೊಂಡರು, 2005ರಲ್ಲಿ ಸಾಯುವ ತನಕ ಗೃಹಬಂಧನದಲ್ಲೇ ಉಳಿದರು. ಜೂನ್ 3ರ ರಾತ್ರಿ ಸೇನೆ ನಗರದೊಳಗೆ ನುಗ್ಗಿತು. ಹೆಚ್ಚಿನ ಸಾವು ಆದದ್ದು ಚೌಕದ ಒಳಗಲ್ಲ, ಅಲ್ಲಿಗೆ ಹೋಗುವ ರಸ್ತೆಗಳಲ್ಲಿ, ಮುಖ್ಯವಾಗಿ ಪಶ್ಚಿಮ ದಿಕ್ಕಿನ ಮುಷಿದಿಯಲ್ಲಿ. ಸೇನೆಯ ದಾರಿಗೆ ಅಡ್ಡ ನಿಂತವರಲ್ಲಿ ಕಾರ್ಮಿಕರು, ಅಕ್ಕಪಕ್ಕದ ಬೀದಿಗಳ ಜನ ಬಹಳ ಇದ್ದರು. ಆಮೇಲೆ ಅತಿ ಕಠಿಣ ಶಿಕ್ಷೆ ಬಿದ್ದದ್ದೂ ಕಾರ್ಮಿಕರಿಗೇ. ಫೋಟೊಗಳಲ್ಲಿ ವಿದ್ಯಾರ್ಥಿಗಳೇ ಕಾಣುತ್ತಾರೆಂದು ಇವರನ್ನು ಕೈಬಿಡಬೇಡ.

ಈಗ ನಿನ್ನ ಪ್ರಶ್ನೆಗೆ ಬರುತ್ತೇನೆ. ಡಿಂಗ್ ಜಿಲಿನ್ ಎಂಬ ಹೆಂಗಸಿನ ಕಥೆ ಕೇಳು. ಬೀಜಿಂಗ್‌ನ ರೆನ್ಮಿನ್ ವಿಶ್ವವಿದ್ಯಾಲಯದಲ್ಲಿ ತತ್ತ್ವಶಾಸ್ತ್ರ ಕಲಿಸುತ್ತಿದ್ದರು. ಅವರ ಮಗ ಜಿಯಾಂಗ್ ಜಿಯೆಲಿಯಾನ್‌ಗೆ ಆಗಷ್ಟೇ ಹದಿನೇಳು ತುಂಬಿತ್ತು. ಆ ರಾತ್ರಿ ಹೋಗಬೇಡವೆಂದು ತಾಯಿ ಎಷ್ಟು ಹೇಳಿದರೂ ಕೇಳದೆ, ಬಚ್ಚಲುಮನೆಯ ಕಿಟಕಿಯಿಂದ ಹಾರಿ ಹೋದ. ಮುಷಿದಿಯಲ್ಲಿ ಗುಂಡು ಅವನ ಬೆನ್ನಿಗೆ ಬಿತ್ತು. ಜಾಂಗ್ ಷಿಯಾನ್‌ಲಿಂಗ್ ಎಂಬ ಇನ್ನೊಬ್ಬ ತಾಯಿಯ ಮಗ ವಾಂಗ್ ನಾನ್‌ಗೆ ಹತ್ತೊಂಬತ್ತು ವರ್ಷ. ಫೋಟೊ ತೆಗೆಯಲೆಂದು ಕ್ಯಾಮೆರಾ ಹಿಡಿದು ಹೊರಟವನು ತಿಯಾನನ್‌ಮೆನ್ ಪಕ್ಕದ ಬೀದಿಯಲ್ಲಿ ಬಿದ್ದ. ಹತ್ತಿರದ ಶಾಲೆಯೊಂದರ ಮುಂದೆ ಅವನನ್ನು ಮೇಲುಮೇಲೆ ಮಣ್ಣು ಮಾಡಿದ್ದರು. ಮಳೆ ಬಂದು ವಾಸನೆ ಎದ್ದ ಮೇಲೆ ದೇಹ ಹೊರತೆಗೆದರು. ಮೈಮೇಲೆ ಹಳೆಯ ಸೇನಾ ಉಡುಪು ಇದ್ದದ್ದರಿಂದ ಸೈನಿಕನಿರಬೇಕೆಂದು ಆಸ್ಪತ್ರೆಗೆ ಕಳಿಸಿದರು, ಹಾಗಾಗಿ ತಾಯಿಗೆ ಮಗನ ದೇಹವಾದರೂ ಸಿಕ್ಕಿತು.

ಈ ಇಬ್ಬರು ತಾಯಂದಿರು ಒಬ್ಬರನ್ನೊಬ್ಬರು ಹುಡುಕಿಕೊಂಡರು. ನಮ್ಮಂಥವರು ಇನ್ನೂ ಯಾರಿದ್ದಾರೆ ಎಂದು ಮನೆಮನೆ ವಿಚಾರಿಸಲು ಹೊರಟರು. ಹಿಂದೆ ಪೊಲೀಸರು, ದೂರವಾಣಿಗೆ ಕದ್ದಾಲಿಕೆ, ಬಾಯಿಬಿಡಲು ಹೆದರುವ ನೆರೆಹೊರೆ. ಆದರೂ ಒಂದೊಂದೇ ಹೆಸರು, ವಯಸ್ಸು, ಕೆಲಸ, ಗುಂಡು ಬಿದ್ದ ಜಾಗ, ಕರೆದೊಯ್ದ ಆಸ್ಪತ್ರೆ ಹೀಗೆ ಬರೆದಿಟ್ಟರು. ತಿಯಾನನ್‌ಮೆನ್ ತಾಯಂದಿರು ಎಂದು ಜಗತ್ತು ಕರೆಯುವುದು ಇವರನ್ನೇ. ವರ್ಷಗಟ್ಟಲೆ ಅಲೆದು ಅವರು ಖಚಿತಪಡಿಸಿಕೊಂಡ ಸಾವುಗಳ ಪಟ್ಟಿ 202ಕ್ಕೆ ಬಂತು.

ಈ ಅಂಕಿಯ ಹತ್ತಿರ ಸ್ವಲ್ಪ ನಿಲ್ಲು. ಸತ್ತ ನಾಗರಿಕರು ಸುಮಾರು 200 ಎಂದು ಸರ್ಕಾರ ಆಗಲೇ ಹೇಳಿ ಕೈತೊಳೆದುಕೊಂಡಿತ್ತು. ಹೊರಗಿನವರ ಅಂದಾಜು ಕೆಲವು ನೂರರಿಂದ ಕೆಲವು ಸಾವಿರದವರೆಗೆ ಇದೆ. ಮಗನನ್ನು ಕಳೆದುಕೊಂಡ ತಾಯಿ ಸಿಟ್ಟಿನಲ್ಲಿ ಸಾವಿರಾರು ಎಂದಿದ್ದರೆ ಯಾರು ತಾನೇ ತಪ್ಪೆನ್ನುತ್ತಿದ್ದರು? ಅವರು ಹಾಗೆ ಮಾಡಲಿಲ್ಲ. ಮನೆಯವರನ್ನು ಕಂಡು ಕೇಳಿ ಗಟ್ಟಿಯಾದದ್ದನ್ನಷ್ಟೇ ಬರೆದರು, ಪಟ್ಟಿ ಪೂರ್ತಿಯಾಗಿಲ್ಲವೆಂದೂ ತಾವೇ ಹೇಳಿದರು. ಆ ಪಟ್ಟಿಯ ಒಂದೊಂದು ಹೆಸರಿನ ಹಿಂದೆಯೂ ಒಂದು ಮನೆ ಇದೆ. ಅದನ್ನು ವದಂತಿ ಎಂದು ತಳ್ಳಿಹಾಕಲು ಆಗದೇ ಇರುವುದು ಅದಕ್ಕೇ. ನಿನ್ನ ವಯಸ್ಸಿನವರಿಗೆ ನಾನು ಹೇಳಬೇಕಾದ ಮುಖ್ಯ ಮಾತು ಇದು. ಅನ್ಯಾಯ ಕಂಡು ರಕ್ತ ಕುದಿಯುವಾಗ ಕೈ ತಾನಾಗಿ ದೊಡ್ಡ ಅಂಕಿಯ ಕಡೆ ಹೋಗುತ್ತದೆ. ಆಗಲೇ ನೀನು ಹೆಚ್ಚು ಎಚ್ಚರವಾಗಿರಬೇಕು. ವಾಟ್ಸ್ಆ್ಯಪ್‌ನಲ್ಲಿ ಬಂದದ್ದನ್ನು ಹಿಂದುಮುಂದು ನೋಡದೆ ದಾಟಿಸಿದರೆ, ಒಂದು ಸುಳ್ಳು ಅಂಕಿಯನ್ನು ತೋರಿಸಿ ನೂರು ನಿಜಗಳನ್ನು ಅಳಿಸಲು ಕಾದಿರುವವರಿಗೆ ನೀನೇ ದಾರಿ ಮಾಡಿಕೊಟ್ಟ ಹಾಗೆ.

ಸರ್ಕಾರ ಗೆದ್ದಿತು ಎಂದೆಯಲ್ಲ. ಗೆದ್ದವರು ನಡೆದುಕೊಳ್ಳುವ ರೀತಿಯನ್ನಾದರೂ ನೋಡು. ವಾಂಗ್ ನಾನ್ ಬಿದ್ದ ಜಾಗವನ್ನು ಕಾಯಲೆಂದೇ ಒಂದು ಕ್ಯಾಮೆರಾ ಹಾಕಿದ್ದರು, ಅವನ ತಾಯಿ ಅಲ್ಲಿ ಬಂದು ಕಣ್ಣೀರು ಹಾಕಿಯಾರೆಂದು. ಜೂನ್ 4ನ್ನು ಬರೆಯಲು ಬಿಡದ್ದರಿಂದ ಜನ ಮೇ 35 ಎಂದು ಬರೆದರು, ಅದೂ ಅಳಿಸಿಹೋಯಿತು. 2012ರ ಜೂನ್ 4ರಂದು ಶಾಂಘೈ ಷೇರುಪೇಟೆಯ ಸೂಚ್ಯಂಕ ಯೋಗಾಯೋಗದಿಂದ 64.89 ಅಂಶ ಕುಸಿದಾಗ, ಆ ಅಂಕಿಯಲ್ಲಿ ವರ್ಷವೂ ದಿನವೂ ಕಾಣುತ್ತಿದೆಯೆಂದು ಅದರ ಹುಡುಕಾಟಕ್ಕೂ ತಡೆ ಬಿತ್ತು.

ಆದರೆ ಈ ಅಳಿಸುವ ಕೆಲಸ ಬಹಳಷ್ಟು ಫಲ ಕೊಟ್ಟಿದೆ ಎಂಬುದನ್ನೂ ನಿನ್ನಿಂದ ಮುಚ್ಚಿಡಲಾರೆ. ಟ್ಯಾಂಕುಗಳ ಎದುರು ಒಬ್ಬನೇ ನಿಂತವನ ಚಿತ್ರವನ್ನು ಪತ್ರಕರ್ತೆ ಲೂಯಿಸಾ ಲಿಮ್ ಬೀಜಿಂಗ್‌ನ ನೂರು ವಿದ್ಯಾರ್ಥಿಗಳಿಗೆ ತೋರಿಸಿದಾಗ ಗುರುತಿಸಿದವರು 15 ಮಂದಿ. 2007ರ ಜೂನ್ 4ರಂದು ಚೆಂಗ್ಡು ನಗರದ ಸಂಜೆ ಪತ್ರಿಕೆಯೊಂದರ ವರ್ಗೀಕೃತ ಜಾಹೀರಾತುಗಳ ನಡುವೆ ಒಂದೇ ಸಾಲು ಅಚ್ಚಾಯಿತು, ಆರು ನಾಲ್ಕರಲ್ಲಿ (ಅಂದರೆ ಜೂನ್ 4ರಂದು) ಮಡಿದವರ ಗಟ್ಟಿಗಿತ್ತಿ ತಾಯಂದಿರಿಗೆ ನಮನ ಎಂದು. ಜಾಹೀರಾತು ತೆಗೆದುಕೊಂಡ ಎಳೆಯ ಹುಡುಗಿಗೆ ಆರು ನಾಲ್ಕು ಎಂದರೆ ಏನೆಂದೇ ಗೊತ್ತಿರಲಿಲ್ಲ. ವಿಚಾರಿಸಿದಾಗ ಯಾವುದೋ ಗಣಿ ದುರಂತ ಎಂದು ಕೊಟ್ಟವರು ಹೇಳಿದರಂತೆ, ನಂಬಿದಳು. ಸಂಪಾದಕರು ಕೆಲಸ ಕಳೆದುಕೊಂಡರು. ಆ ಹುಡುಗಿ ನಿನ್ನಂಥವಳೇ. ತಾನು ಹುಟ್ಟಿದ ನಾಡಿನ ಅಷ್ಟು ದೊಡ್ಡ ಸಂಗತಿಯನ್ನು ಅವಳಿಂದ ಕಸಿದುಕೊಂಡಿದ್ದರು. ನನಗೆ ಸಂಕಟವಾಗುವುದು ಅಲ್ಲಿ.

ಹಾಂಗ್‌ಕಾಂಗ್‌ನ ವಿಕ್ಟೋರಿಯಾ ಪಾರ್ಕಿನಲ್ಲಿ ಮೂವತ್ತು ವರ್ಷ ಪ್ರತಿ ಜೂನ್ 4ರಂದು ಜನ ಮೇಣದಬತ್ತಿ ಹಚ್ಚಿ ಕೂರುತ್ತಿದ್ದರು. 2020ರಲ್ಲಿ ಅದಕ್ಕೂ ನಿಷೇಧ ಬಂತು, ನಡೆಸುತ್ತಿದ್ದ ಸಂಘಟನೆ ಮರುವರ್ಷ ಮುಚ್ಚಿತು, ಮುಂದಾಳುಗಳು ಜೈಲು ಸೇರಿದರು. ನೆನಪಿಗೆಂದು ಒಂದು ಜಾಗವಿದ್ದರೂ ಅದನ್ನು ಕಾಯದೆ ಬಿಟ್ಟರೆ ಉಳಿಯುವುದಿಲ್ಲ.

ನಾಳೆ ನೀನು ಒಂದು ಕಟ್ಟಡ ಕುಸಿದ ಕಡೆಗೋ ಕಾಲ್ತುಳಿತವಾದ ಕಡೆಗೋ ವರದಿಗೆ ಹೋಗುತ್ತೀ. ಮಂತ್ರಿಗಳ ಹೇಳಿಕೆ ಎಲ್ಲರಿಗೂ ಸಿಗುತ್ತದೆ. ನೀನು ಶವಾಗಾರದ ಮುಂದೆ ನಿಂತವರ ಹತ್ತಿರ ಹೋಗು. ಹೆಸರು ಸರಿಯಾಗಿ ಕೇಳಿ ಬರೆದುಕೊ, ಊರು ಕೇಳು, ಮನೆಯಲ್ಲಿ ಯಾರಿದ್ದಾರೆ ಕೇಳು. ಸಂಪಾದಕರು ಜಾಗವಿಲ್ಲವೆಂದರೂ ಆ ನೋಟ್‌ಬುಕ್ಕನ್ನು ಎಸೆಯಬೇಡ. ತಿಯಾನನ್‌ಮೆನ್ ತಾಯಂದಿರಲ್ಲಿ ಎಷ್ಟೋ ಮಂದಿ, ಡಿಂಗ್ ಅವರ ಗಂಡ ಜಿಯಾಂಗ್ ಪೈಕುನ್ ಕೂಡ, ಉತ್ತರ ಸಿಗದೆಯೇ ಹೋದರು. ನಿಜ ಹೇಳಿ, ಪರಿಹಾರ ಕೊಡಿ, ಹೊಣೆಗಾರರನ್ನು ಕಾನೂನಿನ ಮುಂದೆ ನಿಲ್ಲಿಸಿ ಎಂಬ ಅದೇ ಮೂರು ಬೇಡಿಕೆಗಳನ್ನು ಉಳಿದವರು ಬಹಿರಂಗ ಪತ್ರಗಳಲ್ಲಿ ಮತ್ತೆ ಮತ್ತೆ ಬರೆಯುತ್ತ ಬಂದಿದ್ದಾರೆ. ಅವುಗಳಲ್ಲಿ ಒಂದನ್ನು ಹುಡುಕಿ ಓದು, ಕೆಳಗಿರುವ ಸಹಿಗಳನ್ನೂ ಸೇರಿಸಿ. ಓದಿಯಾದ ಮೇಲೆ ಮನೆ ಕಡೆ ಬಾ, ಮಾತಾಡೋಣ.