ಪೋರ್ಕ್ ಚಾಪ್ಸ್: ಬಾಣಲೆ ತೊಳೆಯುವ ಮುನ್ನ

ಹೋಟೆಲಿನಲ್ಲಿ ಪೋರ್ಕ್ ಚಾಪ್ಸ್ ಶುರು ಮಾಡಿದ ಹೊಸತರಲ್ಲಿ ನಮಗೆ ಪ್ಲೇಟುಗಳು ವಾಪಸ್ಸು ಬರುತ್ತಿದ್ದವು. ಮಾಂಸ ಚಪ್ಪಲಿಯ ಹಾಗೆ ಗಟ್ಟಿ. ತಪ್ಪು ನಮ್ಮದೇ, ಮಟನ್ನಿನಂತೆ ಗಂಟೆಗಟ್ಟಲೆ ಬೇಯಿಸುತ್ತಿದ್ದೆವು. ಕೊಡಗಿನ ಪಂದಿ ಕರಿಗೆ ಹಾಕುವ ಕೊಬ್ಬಿನ ತುಂಡು ಬೇರೆ, ಕೊಬ್ಬು ಕಡಿಮೆಯಿರುವ ಚಾಪ್ಸ್ ಬೇರೆ.

ಒಂದು ಇಂಚು ದಪ್ಪದ, ಎಲುಬಿರುವ ನಾಲ್ಕು ತುಂಡಿಗೆ ಉಪ್ಪು, ಕಾಳುಮೆಣಸು ಹಚ್ಚಿ ಅರ್ಧ ಗಂಟೆ ಬಿಡಿ. ದಪ್ಪ ತಳದ ಬಾಣಲೆಯಲ್ಲಿ ಎರಡೂ ಕಡೆ ಕೆಂಪಗೆ ಹುರಿದು ತೆಗೆದಿಡಿ. ಹುಡುಗರು ಆ ಬಾಣಲೆಯನ್ನು ತೊಳೆಯಲು ಒಯ್ಯದಂತೆ ನೋಡಿಕೊಳ್ಳಿ! ತಳಕ್ಕೆ ಹತ್ತಿದ್ದರಲ್ಲೇ ಗ್ರೇವಿಯ ರುಚಿ ಇರುವುದು. ಅದೇ ಕೊಬ್ಬಿನಲ್ಲಿ ಈರುಳ್ಳಿ ಬಾಡಿಸಿ, ಎರಡು ದೊಡ್ಡ ಚಮಚ ಮೈದಾ ಹುರಿದು, ಎರಡು ಕಪ್ ಎಲುಬಿನ ಸಾರನ್ನು ಸ್ವಲ್ಪ ಸ್ವಲ್ಪವಾಗಿ ಸುರಿಯುತ್ತಾ ತಳ ಕೆರೆಯಿರಿ. ಕುದಿ ಬಂದ ಮೇಲೆ ಚಾಪ್ಸ್ ಇಳಿಸಿ, ಮುಚ್ಚಿ, ಸಣ್ಣ ಉರಿಯಲ್ಲಿಡಿ.

ಅಮೆರಿಕದ ಕೃಷಿ ಇಲಾಖೆ 2011ರಲ್ಲಿ, ಒಳಗೆ 63 ಡಿಗ್ರಿ ಬಂದು 3 ನಿಮಿಷ ಬಿಟ್ಟರೆ ಸಾಕು ಎಂದಿತು. ನಾವು 71 ಮುಟ್ಟಿಸಿಯೇ ಇಳಿಸುತ್ತೇವೆ, ಗ್ರೇವಿಯಲ್ಲಿರುವುದರಿಂದ ಒಣಗುವುದಿಲ್ಲ. ಥರ್ಮಾಮೀಟರ್ ಎಲುಬಿಗೆ ತಾಗಬಾರದು. ಅರೆಬೆಂದ ಮಾಂಸ ತಿಂದ ಅಡುಗೆಯವನ ಹೊಟ್ಟೆಯಲ್ಲಿ ಲಾಡಿಹುಳು ಸೇರಬಹುದು. ಅವನು ಶೌಚದ ನಂತರ ಸರಿಯಾಗಿ ಕೈ ತೊಳೆಯದಿದ್ದರೆ ಹುಳುವಿನ ಮೊಟ್ಟೆ ಗಿರಾಕಿಯ ತಟ್ಟೆಗೆ, ಅಲ್ಲಿಂದ ಅವರ ಮಿದುಳಿಗೇ ತೊಂದರೆ. ಅದಕ್ಕೇ ನಮ್ಮಲ್ಲಿ ರುಚಿ ನೋಡುವುದು ಬೆಂದ ಮೇಲೆ ಮಾತ್ರ, ಸೋಪು ಖಾಲಿಯಾದರೆ ಅಂದೇ ತರಿಸುತ್ತೇವೆ.