ಎದೆಯುರಿಯ ಗುಳಿಗೆ ಮತ್ತು ಆರನೆಯ ಅಂಕಿ

ಆಮ್ಲಪಿತ್ತಕ್ಕೆಂದು ಸೇವಿಸಿದ ಔಷಧಿಯೇ ಬಾಧೆಯನ್ನುಂಟುಮಾಡಿದರೆ ಆಸ್ಪತ್ರೆಯವರು ಅದನ್ನು ಸಂಕೇತದಲ್ಲಿ ದಾಖಲಿಸುತ್ತಾರೆ. ವಿಶ್ವ ಆರೋಗ್ಯ ಸಂಸ್ಥೆಯ ರೋಗ ವರ್ಗೀಕರಣವಾದ ಐಸಿಡಿ-10ರಲ್ಲಿ ಫ್ಯಾಮೋಟಿಡೀನ್, ರಾನಿಟಿಡೀನ್‌ಗಳಿಗೆ ಟಿ47.0, ಒಮೆಪ್ರಜೋಲ್, ಪ್ಯಾಂಟೊಪ್ರಜೋಲ್ ಹಾಗೂ ಸಾಮಾನ್ಯ ಆಂಟಾಸಿಡ್‌ಗಳಿಗೆ ಟಿ47.1.

ಅಮೆರಿಕದಲ್ಲಿ ಬಳಕೆಯಲ್ಲಿರುವ ಇದರ ವಿಸ್ತೃತ ರೂಪದಲ್ಲಿ ಟಿ47.1ಎಕ್ಸ್ ಎಂಬುದರ ಮುಂದೆ ಬರುವ ಆರನೆಯ ಸ್ಥಾನದ ಅಂಕಿಯೇ ನಿರ್ಣಾಯಕ. ಔಷಧಿ ಯಾವುದೆಂಬುದಕ್ಕಿಂತ ಅದು ಹೊಟ್ಟೆ ಸೇರಿದ ಬಗೆಯನ್ನು ಅದು ಹೇಳುತ್ತದೆ. ಮಗುವೊಂದು ಅಜ್ಜಿಯ ಗುಳಿಗೆಯನ್ನು ಮಿಠಾಯಿಯೆಂದು ನುಂಗಿದರೆ 1, ಅಂದರೆ ಆಕಸ್ಮಿಕ ವಿಷಬಾಧೆ. ಆತ್ಮಹಾನಿಯ ಉದ್ದೇಶವಿದ್ದರೆ 2. ಅಜ್ಜಿಯೇ ವೈದ್ಯರ ಚೀಟಿಯಂತೆ ವರ್ಷಗಟ್ಟಲೆ ಒಮೆಪ್ರಜೋಲ್ ಸೇವಿಸಿ, ರಕ್ತದಲ್ಲಿ ಮೆಗ್ನೀಸಿಯಂ ಕುಗ್ಗಿ ಸ್ನಾಯುಸೆಳೆತ ಕಾಣಿಸಿಕೊಂಡರೆ ಅದು 5, ವಿಷಬಾಧೆಯಲ್ಲ, ಅಡ್ಡಪರಿಣಾಮ. ಆಗ ಮೆಗ್ನೀಸಿಯಂ ಕೊರತೆಯನ್ನು ಮೊದಲು ಬರೆದು ಔಷಧಿಯ ಸಂಕೇತವನ್ನು ಅನಂತರ ಬರೆಯಬೇಕು. ವಿಷಬಾಧೆಯಾದರೆ ಈ ಕ್ರಮ ತಿರುವುಮುರುವಾಗುತ್ತದೆ. ಹೇಳಿದ್ದಕ್ಕಿಂತ ಕಡಿಮೆ ಸೇವಿಸಿ ರೋಗ ಉಲ್ಬಣಿಸಿದರೆ 6.

ಉರಿ ತಾಳದೆ ಒಂದರ ಬದಲು ಮೂರು ಗುಳಿಗೆ ನುಂಗಿದವರು ಸಂಕೋಚದಿಂದ ಅದನ್ನು ಮುಚ್ಚಿಡುವುದುಂಟು. ಆಗ 1 ಬರಬೇಕಾದಲ್ಲಿ 5 ಬೀಳುತ್ತದೆ. ಮುಂದೆ ಆ ದಾಖಲೆಯನ್ನೋದುವ ವೈದ್ಯರು, ಸರಿಯಾದ ಪ್ರಮಾಣವೂ ಈ ದೇಹಕ್ಕೆ ಒಗ್ಗದೆಂದು ಭಾವಿಸಿ, ಬೇಕಾದ ಔಷಧಿಯನ್ನೇ ನಿಲ್ಲಿಸಬಹುದು. ಆಸ್ಪತ್ರೆಗೆ ಹೋಗುವಾಗ ಗುಳಿಗೆಯ ಖಾಲಿ ಸ್ಟ್ರಿಪ್‌ಗಳನ್ನೂ ಜೊತೆಗೆ ಒಯ್ದು, ಎಷ್ಟು, ಎಂದು, ಯಾರ ಮಾತಿನಂತೆ ಸೇವಿಸಿದಿರೆಂಬುದನ್ನು ಇದ್ದಂತೆಯೇ ತಿಳಿಸಿರಿ.